ಪಂಚಾಯಿತಿ ಸದಸ್ಯತ್ವ ರದ್ದು ಅಂತ ಪತ್ರ ಬಂತಾ? ಆ ಕವರ್ ಎಸೆಯಬೇಡಿ

ನಮ್ಮ ಪಕ್ಕದ ಊರಿನ ಪಂಚಾಯಿತಿ ಸದಸ್ಯೆಯೊಬ್ಬರು ಒಂದು ಸಂಜೆ ಮನೆಗೆ ಬಂದರು. ಕೈಯಲ್ಲಿ ರೇಷನ್ ಕಾರ್ಡ್ ಇಡುವ ಪ್ಲಾಸ್ಟಿಕ್ ಚೀಲ. ಅದರೊಳಗೆ ಎರಡು ಹಾಳೆಯ ಆದೇಶ. ಸದಸ್ಯತ್ವದಿಂದ ತೆಗೆದುಹಾಕಲಾಗಿದೆ ಅಂತ. "ಅಣ್ಣಾ, ನನ್ನನ್ನ ಒಂದು ಮಾತೂ ಕೇಳಲಿಲ್ಲ" ಅಂದರು. ಆದೇಶದಲ್ಲಿ ಮಾತ್ರ "ವಿಚಾರಣೆಗೆ ಅವಕಾಶ ನೀಡಿದರೂ ಗೈರುಹಾಜರಾಗಿದ್ದಾರೆ" ಅಂತ ಬರೆದಿತ್ತು. ಚೀಲ ಪೂರ್ತಿ ಸುರಿದು ನೋಡಿದಾಗ ತಳದಲ್ಲಿ ಒಂದು ಕಂದು ಕವರ್ ಸಿಕ್ಕಿತು. ವಿಚಾರಣೆಯ ನೋಟಿಸ್ ಬಂದಿದ್ದು ಅದರಲ್ಲೇ. ನೋಟಿಸಿನಲ್ಲಿ ವಿಚಾರಣೆ ಇದ್ದದ್ದು 12ನೇ ತಾರೀಖು. ಕವರ್ ಮೇಲೆ ನಮ್ಮ ಅಂಚೆ ಕಚೇರಿಯ ಮುದ್ರೆ 14ನೇ ತಾರೀಖು. ವಿಚಾರಣೆ ಮುಗಿದು ಎರಡು ದಿನ ಆದ ಮೇಲೆ ಕರೆ ಬಂದಿತ್ತು! ಆ ಹರಿದ ಕವರ್ ಹೈಕೋರ್ಟ್ ಅರ್ಜಿಯ ಜೊತೆ ಹೋಯಿತು, ಆದೇಶಕ್ಕೆ ತಡೆಯಾಜ್ಞೆ ಸಿಕ್ಕಿತು.

ಈ ಲೇಖನ ಬರೆಯೋಕೆ ಆ ಕವರೇ ಕಾರಣ. ಊರಲ್ಲಿ ಇದನ್ನು ರಾಜಕೀಯ ಅಂತಾರೆ, ಮೇಲಿನವರ ಕೈವಾಡ ಅಂತಾರೆ. ಇರಬಹುದು. ಆದರೆ ಕೋರ್ಟಿನಲ್ಲಿ ನಿಲ್ಲೋದು ತಾರೀಖು ಮತ್ತು ಕಾಗದ. ಅದನ್ನು ಹೇಗೆ ಜೋಡಿಸಿಕೊಳ್ಳಬೇಕು, ಯಾವ ಬಾಗಿಲು ತಟ್ಟಬೇಕು ಅಂತ ನನಗೆ ತಿಳಿದಷ್ಟು ಹೇಳ್ತೀನಿ.

ಮೊದಲು ನಿಮ್ಮದು ಯಾವ ಕೇಸು ಅಂತ ತಿಳಿದುಕೊಳ್ಳಿ

ಸದಸ್ಯತ್ವ ಹೋಯಿತು ಅನ್ನೋದು ಒಂದೇ ಮಾತು, ಆದರೆ ಅದಕ್ಕೆ ದಾರಿಗಳು ಬೇರೆ ಬೇರೆ. ದಾರಿ ಬೇರೆಯಾದರೆ ಕೋರ್ಟೂ ಬೇರೆ, ಗಡುವೂ ಬೇರೆ. ಇಲ್ಲೇ ಜಾಸ್ತಿ ಜನ ಎಡವೋದು.

ಸಂವಿಧಾನದ 243ಎಫ್ ವಿಧಿಯಲ್ಲಿ ಪಂಚಾಯಿತಿ ಸದಸ್ಯರ ಅನರ್ಹತೆಯ ಮಾತು ಇದೆ. ಇದು 1993ರ ಏಪ್ರಿಲ್ 24ರಂದು ಜಾರಿಗೆ ಬಂದ 73ನೇ ತಿದ್ದುಪಡಿಯ ಭಾಗ. ವಿಧಾನಸಭೆಗೆ ನಿಲ್ಲೋಕೆ ಅಡ್ಡಿಯಾಗುವ ಕಾರಣಗಳು ಇಲ್ಲಿಗೂ ಅಡ್ಡಿ, ಜೊತೆಗೆ ಆಯಾ ರಾಜ್ಯ ಮಾಡಿದ ಕಾನೂನಿನ ಕಾರಣಗಳೂ ಸೇರುತ್ತವೆ. ಒಂದು ರಿಯಾಯಿತಿ ಇದೆ. ವಿಧಾನಸಭೆಗೆ 25 ವರ್ಷ ಆಗಿರಬೇಕು, ಪಂಚಾಯಿತಿಗೆ 21 ಸಾಕು. ಅನರ್ಹತೆಯ ಪ್ರಶ್ನೆ ಬಂದಾಗ ಯಾರು ತೀರ್ಮಾನ ಮಾಡಬೇಕು ಅಂತ ರಾಜ್ಯದ ಕಾನೂನೇ ಹೇಳಬೇಕು ಅಂತಲೂ ಅದೇ ವಿಧಿ ಹೇಳುತ್ತದೆ.

ನಮ್ಮಲ್ಲಿ ಆ ಕಾನೂನು ಅಂದರೆ 1993ರ ಪಂಚಾಯತ್ ರಾಜ್ ಅಧಿನಿಯಮ, ಈಗಿನ ಹೆಸರು ಕರ್ನಾಟಕ ಗ್ರಾಮ ಸ್ವರಾಜ್ ಮತ್ತು ಪಂಚಾಯತ್ ರಾಜ್ ಅಧಿನಿಯಮ. ಇದರ 12ನೇ ಪ್ರಕರಣದಲ್ಲಿ (ಅಂದರೆ ಸೆಕ್ಷನ್‌ನಲ್ಲಿ) ಅನರ್ಹತೆಯ ಪಟ್ಟಿ ಇದೆ. ಅಪರಾಧದಲ್ಲಿ ಶಿಕ್ಷೆ ಆಗಿರೋದು, ಪಂಚಾಯಿತಿಯ ಕೆಲಸದಲ್ಲೋ ಗುತ್ತಿಗೆಯಲ್ಲೋ ನೇರವಾಗಿ ಅಥವಾ ಸುತ್ತುಬಳಸಿ ಪಾಲು ಇರೋದು, ಪಂಚಾಯಿತಿಗೆ ಕಟ್ಟಬೇಕಾದ ಬಾಕಿ ಉಳಿಸಿಕೊಂಡಿರೋದು, ಲಾಭದಾಯಕ ಹುದ್ದೆಯಲ್ಲಿರೋದು, ಮನೆಯಲ್ಲಿ ಶೌಚಾಲಯ ಇಲ್ಲದಿರೋದು, ಹೀಗೆ. ಪಟ್ಟಿ ಪೂರ್ತಿ ಓದಿ. ತಿದ್ದುಪಡಿಗಳು ಆಗುತ್ತಾ ಇರುತ್ತವೆ, ಹಳೇ ಪುಸ್ತಕ ನಂಬಬೇಡಿ.

ಎರಡು ಮಕ್ಕಳಿಗಿಂತ ಜಾಸ್ತಿ ಇದ್ದರೆ ಸದಸ್ಯತ್ವ ಹೋಗುತ್ತೆ ಅಂತ ನಮ್ಮ ಕಡೆ ಹೆದರಿಸುವವರಿದ್ದಾರೆ. ಕರ್ನಾಟಕದಲ್ಲಿ ಆ ನಿಯಮ ಇಲ್ಲ. ಅದು ಹರಿಯಾಣದ ಕಾನೂನಿನಲ್ಲಿ ಹಿಂದೆ ಇದ್ದ ಮಾತು. 2003ರಲ್ಲಿ ಜಾವೇದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಕನಿಷ್ಠ ಓದು ಇರಬೇಕು ಅನ್ನೋದೂ ಅಲ್ಲಿಯದೇ. 2015ರ ಡಿಸೆಂಬರ್‌ನಲ್ಲಿ ರಾಜಬಾಲಾ ಪ್ರಕರಣದಲ್ಲಿ ಅದಕ್ಕೂ ಒಪ್ಪಿಗೆ ಸಿಕ್ಕಿತು. ನನಗೆ ಆ ಎರಡನೇ ತೀರ್ಪು ಇವತ್ತಿಗೂ ನೋವು ಕೊಡುತ್ತೆ. ಶಾಲೆ ಕೊಡದ ಸರ್ಕಾರವೇ ಓದಿಲ್ಲ ಅಂತ ಹೊರಗಿಟ್ಟರೆ ಅರವತ್ತು ದಾಟಿದ ಹೆಣ್ಣುಮಕ್ಕಳು ಎಲ್ಲಿಗೆ ಹೋಗಬೇಕು? ಏನೇ ಆಗಲಿ, ಅದು ಅಲ್ಲಿನ ಕಾನೂನು, ನಮ್ಮದಲ್ಲ.

ಇನ್ನು ದಾರಿಗಳ ವಿಷಯ. ಚುನಾವಣೆ ದಿನವೇ ಗೆದ್ದವರು ಅನರ್ಹರಾಗಿದ್ದರು ಅನ್ನೋದಾದರೆ ಅದು ಚುನಾವಣಾ ತಕರಾರು ಅರ್ಜಿ. ಗೆದ್ದ ಮೇಲೆ ಅನರ್ಹತೆ ಬಂದಿದೆ ಅನ್ನೋದಾದರೆ ಅದು ಕಾನೂನು ಹೇಳಿದ ಅಧಿಕಾರಿ ಅಥವಾ ಪ್ರಾಧಿಕಾರದ ಮುಂದೆ ತೀರ್ಮಾನ ಆಗಬೇಕು. ಕೆಲಸದಲ್ಲಿ ದುರ್ನಡತೆ, ಹಣ ದುರುಪಯೋಗ ಅಂತ ಆರೋಪ ಇದ್ದರೆ ಅದು ಅದೇ ಅಧಿನಿಯಮದ 43ಎ ಸೆಕ್ಷನ್. ಅಲ್ಲಿ ವಿಚಾರಣೆ ಮಾಡಿಸಿ ತೆಗೆಯೋದು ಸರ್ಕಾರ, ತೆಗೆದರೆ ಆರು ವರ್ಷ ಚುನಾವಣೆಗೆ ನಿಲ್ಲೋ ಹಾಗಿಲ್ಲ. ಅವಿಶ್ವಾಸ ನಿರ್ಣಯ ಇದ್ಯಾವುದೂ ಅಲ್ಲ. ಅದರಲ್ಲಿ ಅಧ್ಯಕ್ಷ, ಉಪಾಧ್ಯಕ್ಷ ಸ್ಥಾನ ಹೋಗುತ್ತೆ, ಸದಸ್ಯತ್ವ ಉಳಿಯುತ್ತೆ. ನಿಮ್ಮ ಕಾಗದದಲ್ಲಿ ಯಾವ ಸೆಕ್ಷನ್ ಸಂಖ್ಯೆ ಬರೆದಿದೆ ಅಂತ ನೋಡಿದರೆ ಅರ್ಧ ಗೊಂದಲ ಬಗೆಹರಿಯುತ್ತೆ.

ಚುನಾವಣಾ ತಕರಾರು: 30 ದಿನ ಅಂದರೆ 30 ದಿನ

ಫಲಿತಾಂಶ ಘೋಷಣೆ ಆದ 30 ದಿನದೊಳಗೆ ಅರ್ಜಿ ಹಾಕಬೇಕು. 15ನೇ ಪ್ರಕರಣದ ಅಡಿ. ಸೋತ ಅಭ್ಯರ್ಥಿಯೂ ಹಾಕಬಹುದು, ಆ ಕ್ಷೇತ್ರದ ಮತದಾರರೂ ಹಾಕಬಹುದು. ಹಾಕೋದು ನಿಮ್ಮ ತಾಲ್ಲೂಕಿನ ಸಿವಿಲ್ ನ್ಯಾಯಾಲಯದಲ್ಲಿ, ಡಿಸಿ ಕಚೇರಿಯಲ್ಲಲ್ಲ, ಚುನಾವಣಾ ಅಧಿಕಾರಿ ಹತ್ತಿರವೂ ಅಲ್ಲ. ಒಂದು ಉದಾಹರಣೆ ಹೇಳ್ತೀನಿ. 2020ರ ಡಿಸೆಂಬರ್ 22 ಮತ್ತು 27ರಂದು ರಾಜ್ಯದಲ್ಲಿ ಗ್ರಾಮ ಪಂಚಾಯಿತಿ ಮತದಾನ ಆಯಿತು, 30ರಂದು ಎಣಿಕೆ. ಅಂದು ಸೋತವರು ಸಂಕ್ರಾಂತಿ ಮುಗಿಯಲಿ, ಆಮೇಲೆ ನೋಡೋಣ ಅಂತ ಕೂತಿದ್ದರೆ ಕೈಯಲ್ಲಿ ಉಳಿಯುತ್ತಿದ್ದದ್ದು ಎರಡೇ ವಾರ. ಮೂವತ್ತೊಂದನೇ ದಿನ ಹೋಗಿ ಹುಷಾರಿರಲಿಲ್ಲ ಅಂತ ಹೇಳಿದರೆ ಕೇಳೋದು ಕಷ್ಟ. ಚುನಾವಣಾ ಅರ್ಜಿಗಳಲ್ಲಿ ತಡವನ್ನು ಮನ್ನಿಸೋಕೆ ಕೋರ್ಟುಗಳು ಒಪ್ಪೋದಿಲ್ಲ.

ಯಾರನ್ನು ಎದುರುದಾರರನ್ನಾಗಿ ಮಾಡಬೇಕು ಅನ್ನೋದರಲ್ಲಿ ತಪ್ಪು ಮಾಡಬೇಡಿ. ಗೆದ್ದವರ ಆಯ್ಕೆ ರದ್ದು ಮಾಡಿ ಅಂತ ಮಾತ್ರ ಕೇಳೋದು ಒಂದು. ನನ್ನನ್ನೇ ಗೆದ್ದವನು ಅಂತ ಘೋಷಿಸಿ ಅಂತ ಕೇಳೋದು ಇನ್ನೊಂದು. ಎರಡನೆಯದು ಕೇಳಿದರೆ ಕಣದಲ್ಲಿದ್ದ ಎಲ್ಲ ಅಭ್ಯರ್ಥಿಗಳನ್ನೂ ಸೇರಿಸಬೇಕು, ಐದು ಓಟು ಬಿದ್ದವರನ್ನೂ ಕೂಡ. ಒಬ್ಬರನ್ನು ಬಿಟ್ಟರೂ ಎದುರಿನ ವಕೀಲರು ಅದನ್ನೇ ಹಿಡಿದುಕೊಳ್ಳುತ್ತಾರೆ.

ನಾಮಪತ್ರ ತಿರಸ್ಕಾರ ಆಗಿದೆ, ಚುನಾವಣೆ ಇನ್ನೂ ನಡೀತಾ ಇದೆ, ಈಗಲೇ ಹೈಕೋರ್ಟ್‌ಗೆ ಹೋಗಿ ನಿಲ್ಲಿಸಬಹುದಾ ಅಂತ ಕೇಳ್ತಾರೆ. ಆಗಲ್ಲ. ಸಂವಿಧಾನದ 243ಓ ವಿಧಿ ಅದಕ್ಕೆ ಅಡ್ಡ ನಿಂತಿದೆ. 1952ರಲ್ಲೇ ಪೊನ್ನುಸ್ವಾಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ವಿಧಾನಸಭೆ ಚುನಾವಣೆಗೆ ಇದೇ ಮಾತು ಹೇಳಿತ್ತು, ಚುನಾವಣೆ ಶುರುವಾದ ಮೇಲೆ ಮುಗಿಯೋವರೆಗೆ ಕಾಯಬೇಕು, ಆಮೇಲೆ ತಕರಾರು ಅರ್ಜಿ ಹಾಕಬೇಕು ಅಂತ. ತಿರಸ್ಕಾರದ ಆದೇಶದ ಪ್ರತಿಯನ್ನು ಮಾತ್ರ ಅವತ್ತೇ ಕೇಳಿ ಇಟ್ಟುಕೊಳ್ಳಿ.

ನೋಟಿಸ್ ಬಂದಾಗಲೇ ಕೇಸ್ ಶುರು

ತುಂಬಾ ಜನ ಆದೇಶ ಬಂದ ಮೇಲೆ ವಕೀಲರನ್ನು ಹುಡುಕುತ್ತಾರೆ. ನಿಜವಾದ ಕೆಲಸ ಇರೋದು ಅದಕ್ಕೂ ಮೊದಲು, ಕಾರಣ ಕೇಳಿ ನೋಟಿಸ್ ಕೈಗೆ ಬಂದ ದಿನ. ಯಾಕೆ ಅಂದರೆ ಹೈಕೋರ್ಟ್ ರಿಟ್ ಅರ್ಜಿಯಲ್ಲಿ (ಸರ್ಕಾರದ ಆದೇಶವನ್ನು ಪ್ರಶ್ನಿಸಿ ನೇರವಾಗಿ ಹಾಕೋ ಅರ್ಜಿ) ಸಾಕ್ಷಿಗಳನ್ನು ಕರೆಸಿ ಹೊಸದಾಗಿ ವಿಚಾರಣೆ ಮಾಡೋದಿಲ್ಲ. ಅಧಿಕಾರಿಯ ಕಡತದಲ್ಲಿ ಏನಿದೆ, ಅವರು ಸರಿಯಾದ ಕ್ರಮ ಅನುಸರಿಸಿದರಾ ಅಂತ ನೋಡುತ್ತೆ. ನಿಮ್ಮ ಮಾತು ಆ ಕಡತದೊಳಗೆ ಇಲ್ಲದಿದ್ದರೆ ಆಮೇಲೆ ಹೇಳಿಕೊಂಡರೂ ಅದಕ್ಕೆ ಬಲ ಕಡಿಮೆ.

ಹಾಗಾಗಿ ನೋಟಿಸ್ ತೆಗೆದುಕೊಳ್ಳೋದಿಲ್ಲ ಅಂತ ಹಟ ಮಾಡಬೇಡಿ. ಪೋಸ್ಟ್‌ಮ್ಯಾನ್‌ಗೆ ಮನೇಲಿಲ್ಲ ಅಂತ ಹೇಳಿಸಿದರೆ "ನಿರಾಕರಿಸಿದ್ದಾರೆ" ಅಂತ ಷರಾ ಬರೆದು ವಾಪಸ್ ಕಳಿಸುತ್ತಾರೆ, ಕಾನೂನಿನ ಲೆಕ್ಕದಲ್ಲಿ ಅದು ನಿಮಗೆ ತಲುಪಿದಂತೆಯೇ. ತೆಗೆದುಕೊಳ್ಳಿ. ಸಹಿ ಹಾಕುವ ಕಡೆ ತಾರೀಖು ಬರೆಯಿರಿ. ಬಾಗಿಲಿಗೆ ಅಂಟಿಸಿ ಹೋಗಿದ್ದರೆ ಕೀಳೋ ಮುಂಚೆ ಮೊಬೈಲಲ್ಲಿ ಫೋಟೋ ತೆಗೆಯಿರಿ. ಕವರನ್ನು ನೋಟಿಸಿಗೆ ಪಿನ್ ಮಾಡಿ ಇಡಿ.

ಆಮೇಲೆ ನೋಟಿಸನ್ನು ನಿಧಾನವಾಗಿ ಓದಿ. ಆರೋಪ ಏನು ಅಂತ ಸ್ಪಷ್ಟವಾಗಿ ಇದೆಯಾ? ಯಾವ ಕಾಮಗಾರಿ, ಯಾವ ವರ್ಷ, ಎಷ್ಟು ಹಣ? ಸುಮ್ನೆ "ಕರ್ತವ್ಯಲೋಪ ಎಸಗಿರುತ್ತೀರಿ" ಅಂತ ಬರೆದಿದ್ದರೆ ಮೊದಲ ಉತ್ತರದಲ್ಲೇ ಅದನ್ನು ಎತ್ತಿ: ಆರೋಪದ ವಿವರ ಕೊಡಿ, ತನಿಖಾ ವರದಿಯ ಪ್ರತಿ ಕೊಡಿ, ಯಾವ ದಾಖಲೆ ನೋಡಿ ಈ ತೀರ್ಮಾನಕ್ಕೆ ಬಂದಿದ್ದೀರಿ ಅಂತ ತಿಳಿಸಿ, ಉತ್ತರ ಕೊಡೋಕೆ ಸಮಯ ಕೊಡಿ. ಎಲ್ಲವನ್ನೂ ಲಿಖಿತವಾಗಿ ಕೇಳಿ. ಸಿಇಒ (ಜಿಲ್ಲಾ ಪಂಚಾಯಿತಿಯ ಮುಖ್ಯ ಅಧಿಕಾರಿ) ಅಥವಾ ಇಒ (ತಾಲ್ಲೂಕು ಪಂಚಾಯಿತಿಯ ಅಧಿಕಾರಿ) ಮಾಡಿದ ತನಿಖೆಯ ವರದಿ ಮೇಲೆ ಕ್ರಮ ತೆಗೆದುಕೊಂಡು ಅದೇ ವರದಿಯನ್ನು ಸದಸ್ಯರಿಗೆ ಕೊಡದೇ ಇದ್ದರೆ ಆ ಆದೇಶ ಕೋರ್ಟಿನಲ್ಲಿ ನಿಲ್ಲೋದು ಕಷ್ಟ. ಆದರೆ ನೀವು ಕೇಳಿದ್ದಕ್ಕೆ ನಿಮ್ಮ ಹತ್ತಿರ ಪುರಾವೆ ಇರಬೇಕು. ಎರಡು ಪ್ರತಿ ಮಾಡಿ, ಒಂದನ್ನು ಕೊಟ್ಟು ಇನ್ನೊಂದರ ಮೇಲೆ ಸೀಲು, ಸಹಿ, ತಾರೀಖು ಹಾಕಿಸಿಕೊಳ್ಳಿ. ಸೀಲು ಹಾಕೋದಿಲ್ಲ ಅಂದರೆ ಜಗಳ ಬೇಡ. ಅಂಚೆ ಕಚೇರಿಗೆ ನಡೆಯಿರಿ, ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ ರಸೀದಿ ಇಟ್ಟುಕೊಳ್ಳಿ.

ದಾಖಲೆಗೆ ಮಾಹಿತಿ ಹಕ್ಕಿನ ಅರ್ಜಿಯನ್ನೂ ಹಾಕಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ. ಅದಕ್ಕೇ ಎಲ್ಲವನ್ನೂ ಒಂದರಲ್ಲಿ ತುಂಬಬೇಡಿ. ಸಭೆಯ ನಡವಳಿ ಪುಸ್ತಕಕ್ಕೆ ಒಂದು, ಹಾಜರಿ ಪುಸ್ತಕಕ್ಕೆ ಒಂದು, ಬಿಲ್ಲು ಮತ್ತು ವೋಚರಿಗೆ ಒಂದು. ನಡವಳಿ ಪುಸ್ತಕದಲ್ಲಿ ನಿಮ್ಮ ಸಹಿ ಎಲ್ಲಿದೆ ಅಂತ ಬೆರಳಿಟ್ಟು ನೋಡಿ. ಸಹಿಯ ಕೆಳಗೆ ಆಮೇಲೆ ಎರಡು ಸಾಲು ಸೇರಿಸಿದ್ದಾರಾ, ಶಾಯಿ ಬೇರೆ ಬಣ್ಣದ್ದಾ, ಇವೆಲ್ಲ ಮೂಲ ಪುಸ್ತಕ ನೋಡಿದಾಗಲೇ ಗೊತ್ತಾಗೋದು. ಜೆರಾಕ್ಸ್‌ನಲ್ಲಿ ಎಲ್ಲ ಒಂದೇ ಕಪ್ಪು. ಹಾಗಾಗಿ ಪ್ರತಿ ಕೇಳೋದರ ಜೊತೆ ಕಡತ ಪರಿಶೀಲನೆಗೂ ಅವಕಾಶ ಕೇಳಿ.

ಆರೋಪಕ್ಕೆ ತಕ್ಕಂತೆ ಉತ್ತರ ಬದಲಾಗುತ್ತೆ. ತೆರಿಗೆ ಬಾಕಿ ಅಂದರೆ ರಸೀದಿಗಳು, ಬಾಕಿ ಇಲ್ಲ ಅನ್ನೋ ಪತ್ರ, ಬೇಡಿಕೆ ನೋಟಿಸ್ ನಿಮಗೆ ಬಂದಿತ್ತೋ ಇಲ್ಲವೋ ಅನ್ನೋ ವಿಷಯ. ಸಭೆಗೆ ಗೈರು ಅಂದರೆ ಸಭೆ ನೋಟಿಸ್ ನಿಮಗೆ ತಲುಪಿತ್ತಾ, ರಜೆ ಕೇಳಿದ ಪತ್ರ ಇದೆಯಾ. ಆಸ್ಪತ್ರೆಯಲ್ಲಿದ್ದರೆ ಡಿಸ್ಚಾರ್ಜ್ ಕಾಗದ. ಮಗನಿಗೋ ತಮ್ಮನಿಗೋ ಗುತ್ತಿಗೆ ಕೊಟ್ಟಿದ್ದಾರೆ ಅನ್ನೋದಾದರೆ ಅವರು ನಿಮ್ಮಿಂದ ಬೇರೆ ಇದ್ದಾರಾ, ಹಣ ಯಾವ ಖಾತೆಗೆ ಹೋಗಿದೆ, ನಿರ್ಣಯ ಆದ ಸಭೆಯಲ್ಲಿ ನೀವು ಕೂತಿದ್ದಿರಾ ಅನ್ನೋದು ಮುಖ್ಯ. ಕ್ರಿಮಿನಲ್ ಕೇಸಿನಲ್ಲಿ ಶಿಕ್ಷೆ ಆಗಿದ್ದರೆ ಒಂದು ಸೂಕ್ಷ್ಮ ತಿಳಿದಿರಲಿ. ಮೇಲಿನ ಕೋರ್ಟು ಶಿಕ್ಷೆಯನ್ನು ಅಮಾನತಿನಲ್ಲಿಟ್ಟು ಜಾಮೀನು ಕೊಟ್ಟರೆ ಜೈಲು ತಪ್ಪುತ್ತೆ ಅಷ್ಟೇ. ಅನರ್ಹತೆ ತಪ್ಪಬೇಕಾದರೆ ದೋಷಿ ಅನ್ನೋ ತೀರ್ಪಿಗೇ ತಡೆ ಬೇಕು. ಅರ್ಜಿಯಲ್ಲಿ ಅದನ್ನು ಬೇರೆಯಾಗಿ ಕೇಳಬೇಕು.

ಆದೇಶ ಬಂದ ಮೇಲೆ ಹೈಕೋರ್ಟ್

43ಎ ಅಡಿ ಸರ್ಕಾರದ ಆದೇಶ ಬಂದರೆ ಸಾಮಾನ್ಯವಾಗಿ ಜನ ಹೋಗೋದು ಸಂವಿಧಾನದ 226 ಮತ್ತು 227ನೇ ವಿಧಿ ಅಡಿ ರಿಟ್ ಅರ್ಜಿಗೆ. ತಾಲ್ಲೂಕು ಕೋರ್ಟಿನಲ್ಲಿ ಚುನಾವಣಾ ತಕರಾರು ಸೋತವರೂ ಇದೇ ದಾರಿಯಲ್ಲಿ ಹೈಕೋರ್ಟಿಗೆ ಬರುತ್ತಾರೆ. ಬೆಂಗಳೂರಿಗೇ ಬರಬೇಕಿಲ್ಲ. ಬೆಳಗಾವಿ, ಬಾಗಲಕೋಟೆ, ಗದಗ, ಹಾವೇರಿ, ಉತ್ತರ ಕನ್ನಡ, ಕೊಪ್ಪಳ, ಬಳ್ಳಾರಿ ಕಡೆಯವರಿಗೆ ಧಾರವಾಡ ಪೀಠ ಇದೆ. ಬೀದರ್, ರಾಯಚೂರು, ಯಾದಗಿರಿ, ವಿಜಯಪುರದವರಿಗೆ ಕಲಬುರಗಿ ಪೀಠ. 2013ರಿಂದ ಎರಡೂ ಕಾಯಂ ಪೀಠಗಳು.

ರಿಟ್ ಅರ್ಜಿಗೆ ಇಷ್ಟೇ ದಿನ ಅಂತ ಗಡುವು ಬರೆದಿಲ್ಲ. ಅದನ್ನು ಕೇಳಿ ಆರಾಮಾಗಬೇಡಿ. ನಿಮ್ಮ ಸ್ಥಾನ ಖಾಲಿ ಅಂತ ವರದಿ ಹೋದರೆ ಉಪಚುನಾವಣೆಯ ಅಧಿಸೂಚನೆ ಬರುತ್ತೆ. ಅಧಿಸೂಚನೆ ಬಂದ ಮೇಲೆ ಮತ್ತೆ ಆ 243ಓ ಗೋಡೆ ಎದುರಾಗುತ್ತೆ. ಹಾಗಾಗಿ ಆದೇಶ ಕೈಗೆ ಬಂದ ವಾರದಲ್ಲೇ ವಕೀಲರ ಮುಂದೆ ಕೂತಿರಬೇಕು. ಅರ್ಜಿಯಲ್ಲಿ ಮಧ್ಯಂತರ ತಡೆ ಕೇಳುವಾಗ ಎರಡನ್ನೂ ಕೇಳಿಸಿ: ಆದೇಶಕ್ಕೆ ತಡೆ, ಮತ್ತು ಸ್ಥಾನ ತುಂಬದಂತೆ ತಡೆ.

ವಕೀಲರ ಹತ್ತಿರ ಹೋಗುವಾಗ ಊರಿನ ಕಥೆ ಬರೆದ ಹತ್ತು ಪುಟ ಬೇಡ. ಒಂದೇ ಹಾಳೆಯಲ್ಲಿ ತಾರೀಖುಗಳ ಪಟ್ಟಿ ಮಾಡಿ. ಯಾವತ್ತು ಆಯ್ಕೆ, ಯಾವತ್ತು ದೂರು, ಯಾವತ್ತು ನೋಟಿಸ್, ನೀವು ಯಾವತ್ತು ಉತ್ತರ ಕೊಟ್ಟಿರಿ, ವಿಚಾರಣೆ ಯಾವತ್ತು, ಆದೇಶದ ತಾರೀಖು, ಅದು ನಿಮ್ಮ ಕೈಗೆ ಬಂದ ತಾರೀಖು. ಪಕ್ಕದಲ್ಲಿ ಆಯಾ ಕಾಗದ. ನೋಡಿದ ತಕ್ಷಣ ತಪ್ಪು ಎಲ್ಲಿದೆ ಅಂತ ವಕೀಲರಿಗೆ ಕಾಣುತ್ತೆ. ಆದೇಶಕ್ಕೆ ಸಹಿ ಹಾಕಿದವರಿಗೆ ಆ ಅಧಿಕಾರ ಇದೆಯಾ, ನಿಮ್ಮ ಉತ್ತರದ ಬಗ್ಗೆ ಒಂದು ಸಾಲಾದರೂ ಚರ್ಚೆ ಇದೆಯಾ, ಅಥವಾ "ಸಮಜಾಯಿಷಿ ಒಪ್ಪತಕ್ಕದ್ದಲ್ಲ" ಅಂತ ಒಂದೇ ಮಾತಲ್ಲಿ ಮುಗಿಸಿದ್ದಾರಾ ಅನ್ನೋದನ್ನು ಜೊತೆಯಲ್ಲೇ ಕೂತು ಓದಿ.

ಸುಪ್ರೀಂ ಕೋರ್ಟ್ ಈ ವಿಷಯದಲ್ಲಿ ಗಟ್ಟಿಯಾಗಿ ಮಾತಾಡಿದೆ. 2012ರ ರವಿ ಯಶವಂತ್ ಭೋಯಿರ್ ಪ್ರಕರಣ ಪುರಸಭೆಯದ್ದು, ಆದರೆ ಅದರ ತಿರುಳು ಇಲ್ಲಿಗೂ ಬರುತ್ತೆ. ಜನ ಆರಿಸಿದವರನ್ನು ತೆಗೆಯೋದು ಗಂಭೀರ ವಿಷಯ, ಕ್ರಮ ತಪ್ಪಿ ತೆಗೆಯೋ ಹಾಗಿಲ್ಲ ಅಂತ. 2024ರ ಸೆಪ್ಟೆಂಬರ್‌ನಲ್ಲಿ ಮಹಾರಾಷ್ಟ್ರದ ಜಲಗಾಂವ್ ಜಿಲ್ಲೆಯ ಮಹಿಳಾ ಸರಪಂಚರೊಬ್ಬರನ್ನು (ಅಲ್ಲಿ ಪಂಚಾಯಿತಿ ಅಧ್ಯಕ್ಷರಿಗೆ ಹಾಗಂತಾರೆ) ಸರ್ಕಾರಿ ಜಾಗದ ಮನೆಯಲ್ಲಿ ವಾಸ ಅನ್ನೋ ಆರೋಪದ ಮೇಲೆ ತೆಗೆದಿದ್ದನ್ನು ನ್ಯಾಯಮೂರ್ತಿ ಸೂರ್ಯಕಾಂತ್ ಮತ್ತು ಉಜ್ಜಲ್ ಭುಯಾನ್ ಅವರ ಪೀಠ ರದ್ದು ಮಾಡಿತು. ಅದೇ ವರ್ಷ ನವೆಂಬರ್‌ನಲ್ಲಿ ಛತ್ತೀಸ್‌ಗಢದ ಜಶ್‌ಪುರ ಜಿಲ್ಲೆಯ 27 ವರ್ಷದ ಸರಪಂಚ್ ಒಬ್ಬರದ್ದೂ ಹಾಗೇ ಆಯಿತು. ಕಾಮಗಾರಿ ತಡವಾಯಿತು ಅಂತ ತೆಗೆದುಹಾಕಿದ್ದರು. ಕೋರ್ಟು ಅವರನ್ನು ವಾಪಸ್ ಕೂರಿಸಿ, ರಾಜ್ಯ ಸರ್ಕಾರಕ್ಕೆ 1 ಲಕ್ಷ ರೂಪಾಯಿ ದಂಡ ಹಾಕಿತು. ಮಳೆ, ಸಾಮಗ್ರಿ, ಇಂಜಿನಿಯರ್ ಯಾವುದೂ ಒಬ್ಬ ಸರಪಂಚಳ ಕೈಯಲ್ಲಿಲ್ಲ ಅಲ್ವಾ?

ಇವನ್ನು ಹೇಳುವಾಗ ಒಂದು ಎಚ್ಚರ. ಬೇರೆ ರಾಜ್ಯದ ತೀರ್ಪು ಅಲ್ಲಿನ ಕಾನೂನಿನ ಮೇಲೆ ನಿಂತಿರುತ್ತೆ. 2018ರ ಜನಾಬಾಯಿ ಪ್ರಕರಣದಲ್ಲಿ ಇದೇ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳು ಒತ್ತುವರಿ ಮಾಡಿದವರು ಮನೆಯ ಹಿರಿಯರಾದರೂ ಅಲ್ಲೇ ವಾಸ ಇರುವ ಸದಸ್ಯರು ಅನರ್ಹರು ಅಂದಿದ್ದರು. ಎದುರಿನವರು ಅದನ್ನು ತೋರಿಸುತ್ತಾರೆ. ಕ್ರಮ ಸರಿಯಾಗಿ ನಡೀಬೇಕು ಅನ್ನೋ ಮಾತು ಮಾತ್ರ ಎಲ್ಲ ರಾಜ್ಯಕ್ಕೂ ಒಂದೇ, ಅದನ್ನೇ ಮುಂದಿಡಿ.

ಏಕಸದಸ್ಯ ಪೀಠದಲ್ಲಿ ಸೋತರೆ 1961ರ ಕರ್ನಾಟಕ ಹೈಕೋರ್ಟ್ ಕಾಯ್ದೆಯ 4ನೇ ಪ್ರಕರಣದ ಅಡಿ 30 ದಿನದಲ್ಲಿ ಇಬ್ಬರು ನ್ಯಾಯಮೂರ್ತಿಗಳ ವಿಭಾಗೀಯ ಪೀಠಕ್ಕೆ ಮೇಲ್ಮನವಿ ಹಾಕಬಹುದು. ಆದರೆ ಅರ್ಜಿ 227ನೇ ವಿಧಿಯದ್ದು ಅಂತ ಆದರೆ ಆ ಮೇಲ್ಮನವಿ ಸಿಗೋದಿಲ್ಲ. ಯಾವ ವಿಧಿ ಅಂತ ಮೊದಲ ದಿನವೇ ವಕೀಲರನ್ನು ಕೇಳಿ.

ದುಡ್ಡಿನ ಚಿಂತೆ ದೊಡ್ಡದು, ಗೊತ್ತು. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ವಕೀಲರು ಸಿಗುತ್ತಾರೆ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಲ್ಲಿ ಅದು ಹಕ್ಕು. ತಾಲ್ಲೂಕು ಕೋರ್ಟಿನ ಆವರಣದಲ್ಲೇ ಕಾನೂನು ಸೇವಾ ಸಮಿತಿಯ ಕಚೇರಿ ಇರುತ್ತೆ, 15100ಕ್ಕೆ ಫೋನ್ ಕೂಡ ಮಾಡಬಹುದು. ಒಡವೆ ಅಡ ಇಡೋ ಮುಂಚೆ ಅಲ್ಲಿಗೆ ಹೋಗಿ ಬನ್ನಿ.

ನೀವು ದೂರು ಕೊಟ್ಟವರಾದರೆ

ಇಲ್ಲೀವರೆಗೆ ಸದಸ್ಯರ ಕಡೆಯಿಂದ ಹೇಳಿದೆ. ಊರಿನ ದುಡ್ಡು ತಿಂದವರ ಮೇಲೆ ದೂರು ಕೊಟ್ಟು ವರ್ಷಗಟ್ಟಲೆ ಓಡಾಡಿದವರೂ ಇದನ್ನು ಓದ್ತಾ ಇರಬಹುದು. ನಿಮಗೂ ಅದೇ ಮಾತು. ಕ್ರಮ ಸರಿಯಾಗಿ ನಡೆಯುವಂತೆ ನೀವೇ ಕಾಯಬೇಕು. ಅಧಿಕಾರಿ ಅವಸರದಲ್ಲಿ ಸದಸ್ಯರನ್ನು ಕೇಳದೇ ಆದೇಶ ಹೊರಡಿಸಿದರೆ ಅವತ್ತು ನಿಮಗೆ ಗೆಲುವು ಅನ್ನಿಸುತ್ತೆ. ಹೈಕೋರ್ಟಿನಲ್ಲಿ ಅದು ಬಿದ್ದು ಕೇಸು ಮೊದಲ ಮೆಟ್ಟಿಲಿಗೆ ವಾಪಸ್ ಬರುತ್ತೆ. ಅಷ್ಟರಲ್ಲಿ ಐದು ವರ್ಷದ ಅವಧಿ ಮುಗಿದಿರುತ್ತೆ.

ದೂರಿನ ಜೊತೆ ಗುತ್ತಿಗೆಯ ಬಿಲ್ಲು, ಹಾಜರಿ ಪಟ್ಟಿ, ಇ-ಸ್ವತ್ತಿನ ನಮೂನೆ 9 ಅಥವಾ 11, ಕಾಮಗಾರಿ ಜಾಗದ ಫೋಟೋ, ಏನು ಸಿಗುತ್ತೋ ಲಗತ್ತಿಸಿ. ಆದೇಶ ಬಂದ ತಕ್ಷಣ ಹೈಕೋರ್ಟಿನಲ್ಲಿ ಕೇವಿಯಟ್ (ನನ್ನನ್ನೂ ಕೇಳಿ ಅನ್ನೋ ಮುಂಗಡ ಅರ್ಜಿ) ಹಾಕಿಸಿ. 90 ದಿನ ಅದು ಜೀವಂತ ಇರುತ್ತೆ, ನಿಮಗೆ ತಿಳಿಸದೆ ತಡೆಯಾಜ್ಞೆ ಕೊಡುವ ಸಂಭವ ಕಡಿಮೆಯಾಗುತ್ತೆ.

ಗಡಿಯಾಚೆಯ ನಮ್ಮವರಿಗೆ

ಜತ್ತ, ಅಕ್ಕಲಕೋಟೆ ಕಡೆಯ ಕನ್ನಡದವರಿಗೆ ಮಹಾರಾಷ್ಟ್ರದ ಕಾನೂನು. ಅಲ್ಲಿ ಮೊದಲು ಕಲೆಕ್ಟರ್, ಆಮೇಲೆ ವಿಭಾಗೀಯ ಆಯುಕ್ತರ ಕಚೇರಿ, ಆಮೇಲೆ ಬಾಂಬೆ ಹೈಕೋರ್ಟ್. 2025ರ ಆಗಸ್ಟ್‌ನಿಂದ ಸಾಂಗ್ಲಿ, ಸೊಲ್ಲಾಪುರದ ಕೇಸುಗಳಿಗೆ ಕೊಲ್ಲಾಪುರದಲ್ಲೇ ಪೀಠ ಇದೆ, ಮುಂಬೈ ಬಸ್ಸು ಹತ್ತಬೇಕಿಲ್ಲ. ಚುನಾವಣಾ ಖರ್ಚಿನ ಲೆಕ್ಕ ಕೊಡಲಿಲ್ಲ ಅಂತ ಅಲ್ಲಿ ಸದಸ್ಯತ್ವ ಹೋಗೋದುಂಟು, ಲೆಕ್ಕ ಸಮಯಕ್ಕೆ ಕೊಡಿ.

ಕಾಸರಗೋಡು, ಮಂಜೇಶ್ವರದವರಿಗೆ ಇನ್ನೊಂದು ವಿಷಯ. ಕರ್ನಾಟಕದಲ್ಲಿ ಗ್ರಾಮ ಪಂಚಾಯಿತಿ ಚುನಾವಣೆ ಪಕ್ಷದ ಚಿಹ್ನೆ ಇಲ್ಲದೆ ನಡೆಯುತ್ತೆ, ಹಾಗಾಗಿ ಪಕ್ಷಾಂತರದ ಪ್ರಶ್ನೆ ಏಳೋದಿಲ್ಲ. ಕೇರಳದಲ್ಲಿ ಪಕ್ಷದ ಮೇಲೇ ಗೆಲ್ಲೋದು. 1999ರ ಪಕ್ಷಾಂತರ ನಿಷೇಧ ಕಾಯ್ದೆ ಪಂಚಾಯತಿಗೂ ಬರುತ್ತೆ, ವಿಪ್ (ಹೀಗೇ ಓಟು ಹಾಕಿ ಅನ್ನೋ ಪಕ್ಷದ ಆದೇಶ) ಮೀರಿದರೆ ತೀರ್ಮಾನ ಮಾಡೋದು ಅಲ್ಲಿನ ರಾಜ್ಯ ಚುನಾವಣಾ ಆಯೋಗ.

ತಡೆಯಾಜ್ಞೆ ಸಿಕ್ಕಿದ ದಿನ

ಕೋರ್ಟು ತಡೆ ಕೊಟ್ಟಿತು ಅಂತ ಫೋನಲ್ಲಿ ಕೇಳಿ ಪಟಾಕಿ ಹೊಡೆದರೆ ಕೆಲಸ ಆಗಲ್ಲ. ಪಂಚಾಯಿತಿಗೆ ಅದು ಗೊತ್ತೇ ಇರೋದಿಲ್ಲ. ದೃಢೀಕೃತ ಪ್ರತಿಗೆ ಅವತ್ತೇ ಅರ್ಜಿ ಹಾಕಿಸಿ. ಇ-ಕೋರ್ಟ್ಸ್ ಜಾಲತಾಣದಲ್ಲಿ ಅಕ್ಷರ, ಅಂಕಿ ಸೇರಿ 16 ಇರುವ ಸಿಎನ್‌ಆರ್ ನಂಬರ್ (ನಿಮ್ಮ ಕೇಸಿನ ಗುರುತಿನ ಸಂಖ್ಯೆ) ಹಾಕಿದರೆ ಕೇಸಿನ ಸ್ಥಿತಿ ಕಾಣುತ್ತೆ, ಮುಂದಿನ ವಾಯಿದೆ ಯಾವತ್ತು ಅಂತ ನೀವೇ ನೋಡಿಕೊಳ್ಳಬಹುದು. ಪ್ರತಿ ಕೈಗೆ ಬಂದ ಮೇಲೆ ಪಿಡಿಒ (ಗ್ರಾಮ ಪಂಚಾಯಿತಿಯ ಅಭಿವೃದ್ಧಿ ಅಧಿಕಾರಿ), ಇಒ, ಸಿಇಒ ಮೂವರಿಗೂ ಪತ್ರದ ಜೊತೆ ಕೊಟ್ಟು ಸೀಲು ಹಾಕಿಸಿಕೊಳ್ಳಿ. ಆ ಪತ್ರದಲ್ಲಿ ಒಂದು ಸಾಲು ತಪ್ಪದೇ ಬರೆಯಿರಿ: ಮುಂದಿನ ಸಾಮಾನ್ಯ ಸಭೆಯ ನೋಟಿಸ್ ನನಗೂ ಕಳಿಸಿ, ಹಾಜರಿ ಪುಸ್ತಕದಲ್ಲಿ ನನ್ನ ಹೆಸರು ಮತ್ತೆ ಸೇರಿಸಿ.

ಪಕ್ಕದ ಊರಿನ ಆ ಸದಸ್ಯೆ ಹಾಗೇ ಮಾಡಿದರು. ಸಭೆಯ ನೋಟಿಸ್ ಬಂತು. ಈ ಸಲ ಕವರನ್ನು ಅದಕ್ಕೆ ಪಿನ್ ಮಾಡಿ, ಮೇಲೆ ಪೆನ್ನಿನಲ್ಲಿ ತಾರೀಖು ಬರೆದು, ಅದೇ ಪ್ಲಾಸ್ಟಿಕ್ ಚೀಲದಲ್ಲಿ ಇಟ್ಟುಕೊಂಡು ಸಭೆಗೆ ಹೋದರು.